ರೈತರ ವಿರುದ್ಧ ನಿಲ್ಲದ ಮರಶಿಲ್ಪಿ ರೀಮೆನ್‌ಶ್ನೈಡರ್

ಜರ್ಮನಿಯ ವುರ್ಟ್ಸ್‌ಬುರ್ಗ್ ನಗರದಲ್ಲಿ ಹಳೆಯ ಕಥೆಯೊಂದಿದೆ. ಐನೂರು ವರ್ಷಗಳ ಹಿಂದೆ ಆ ಊರಲ್ಲಿ ಒಬ್ಬ ಹೆಸರಾಂತ ಮರಶಿಲ್ಪಿ ಇದ್ದನಂತೆ. ಬಂಡೆದ್ದ ರೈತರ ಪರ ನಿಂತ ಎಂಬ ಕಾರಣಕ್ಕೆ ಬಿಷಪ್‌ನ ಕಡೆಯವರು ಆತನನ್ನು ಕೋಟೆಯ ಸೆರೆಯಲ್ಲಿಟ್ಟು, ಮತ್ತೆಂದೂ ಉಳಿ ಹಿಡಿಯದಂತೆ ಎರಡೂ ಕೈ ಮುರಿದರಂತೆ. ಈ ಕಥೆ ಕಾದಂಬರಿಗಳಲ್ಲಿ ಬಂದಿದೆ, ಪ್ರವಾಸಿಗರಿಗೆ ಊರು ತೋರಿಸುವವರ ಬಾಯಲ್ಲೂ ಇದೆ.

ಶಿಲ್ಪಿ ಇದ್ದದ್ದು ನಿಜ. ಆತನ ಹೆಸರು ಟಿಲ್‌ಮನ್ ರೀಮೆನ್‌ಶ್ನೈಡರ್. ಸೆರೆಯಲ್ಲಿದ್ದದ್ದೂ ನಿಜ, ಚಿತ್ರಹಿಂಸೆಯೂ ನಿಜ. ಕೈ ಮುರಿದರು ಎಂಬ ಮಾತು ಮಾತ್ರ ಅಂದಿನ ದಾಖಲೆಗಳಲ್ಲಿ ಇಲ್ಲ. ಆದರೆ ದಾಖಲೆಯಲ್ಲಿ ಇರುವುದೇನೂ ಸಣ್ಣ ಸಂಗತಿಯಲ್ಲ. ಸುಮಾರು 65 ವರ್ಷದ, ನಗರಾಧ್ಯಕ್ಷನೂ ಆಗಿದ್ದ, ಮನೆ ಮಠ ದ್ರಾಕ್ಷಿತೋಟ ಮಾಡಿಕೊಂಡು ನೆಮ್ಮದಿಯಾಗಿದ್ದ ಕುಶಲಕರ್ಮಿಯೊಬ್ಬ ಅದೆಲ್ಲವನ್ನೂ ಕಳೆದುಕೊಳ್ಳುವ ಕಡೆಗೆ ಹೇಗೆ ಬಂದ ಎಂಬುದೇ ಕಥೆಗಿಂತ ದೊಡ್ಡ ವಿಷಯ.

ಆಸ್ತಿ ಕಳೆದುಕೊಂಡ ತಂದೆ, ವಲಸೆ ಬಂದ ಮಗ

ರೀಮೆನ್‌ಶ್ನೈಡರ್ ಹುಟ್ಟಿದ್ದು 1460ರ ಆಸುಪಾಸಿನಲ್ಲಿ, ಮಧ್ಯ ಜರ್ಮನಿಯ ಹೈಲಿಗೆನ್‌ಸ್ಟಾಟ್ ಎಂಬ ಊರಲ್ಲಿ. ಆಗ ಮೈಂಟ್ಸ್ ಎಂಬಲ್ಲಿ ಆರ್ಚ್‌ಬಿಷಪ್ ಗಾದಿಗಾಗಿ ಇಬ್ಬರ ನಡುವೆ ದೊಡ್ಡ ಜಗಳ ನಡೆಯುತ್ತಿತ್ತು. ಅದರಲ್ಲಿ ಸಿಕ್ಕಿಕೊಂಡ ಆತನ ತಂದೆ ಆಸ್ತಿ ಕಳೆದುಕೊಂಡು, ಕುಟುಂಬದೊಡನೆ ಓಸ್ಟರೋಡೆ ಎಂಬ ಪಟ್ಟಣಕ್ಕೆ ಹೋಗಿ ನೆಲೆಸಬೇಕಾಯಿತು. ಅಲ್ಲಿ ನಾಣ್ಯ ಟಂಕಿಸುವ ಟಂಕಸಾಲೆಯ ಅಧಿಕಾರಿಯಾದ. ದೊಡ್ಡವರ ಜಗಳದಲ್ಲಿ ಸಾಮಾನ್ಯರ ಮನೆ ಹೇಗೆ ಮುಳುಗುತ್ತದೆ ಎಂಬುದನ್ನು ಮಗ ಎಳವೆಯಲ್ಲೇ ಕಂಡ ಹಾಗಾಯಿತು.

1483ರಲ್ಲಿ ಆತನ ಹೆಸರು ಮೈನ್ ನದಿಯ ದಂಡೆಯ ವುರ್ಟ್ಸ್‌ಬುರ್ಗ್‌ನ ದಾಖಲೆಗಳಲ್ಲಿ ಕಾಣಿಸುತ್ತದೆ. ಆ ನಗರವನ್ನು ಆಳುತ್ತಿದ್ದವನು ರಾಜನಲ್ಲ, ಬಿಷಪ್. ಧರ್ಮದ ಗಾದಿ, ರಾಜ್ಯದ ಗಾದಿ ಎರಡೂ ಅವನದೇ. ಊರಿನ ಎದುರು ಗುಡ್ಡದ ಮೇಲಿನ ಮರೀನ್‌ಬೆರ್ಗ್ ಕೋಟೆಯಲ್ಲಿ ಅವನ ವಾಸ. ಕೆಳಗೆ ಊರಲ್ಲಿ ವ್ಯಾಪಾರಿಗಳು, ಕುಶಲಕರ್ಮಿಗಳು, ಅವರ ನಗರಸಭೆ.

ಆ ಕಾಲದಲ್ಲಿ ಊರಿಗೆ ಬಂದ ಹೊಸಬ ಮನಬಂದಂತೆ ಅಂಗಡಿ ಇಡುವಂತಿರಲಿಲ್ಲ. ಪ್ರತಿ ಕಸುಬಿಗೂ ಗಿಲ್ಡ್ ಎಂಬ ಸಂಘವಿತ್ತು. ಯಾರು ಶಿಷ್ಯ, ಯಾರು ಕೂಲಿ ಕೆಲಸಗಾರ, ಯಾರು ಯಜಮಾನ ಎಂಬುದನ್ನು ಅದೇ ನಿರ್ಧರಿಸುತ್ತಿತ್ತು. ರೀಮೆನ್‌ಶ್ನೈಡರ್ ಮೊದಲು ಸೇರಿದ್ದು ಕೆಲಸಗಾರನಾಗಿ. 1485ರಲ್ಲಿ ಅಕ್ಕಸಾಲಿಗನೊಬ್ಬನ ವಿಧವೆ ಅನ್ನಾ ಶ್ಮಿಟ್‌ಳನ್ನು ಮದುವೆಯಾದ. ಅವಳಿಗೆ ಮೊದಲ ಗಂಡನಿಂದ ಮೂವರು ಗಂಡುಮಕ್ಕಳಿದ್ದರು. ಈ ಮದುವೆಯಿಂದ ಆತನಿಗೆ ಊರಿನ ಪೌರತ್ವ, ಸ್ವಂತ ಮನೆ, ಕೆಲಸದ ಶಾಲೆ ಇಡುವ ಯಜಮಾನಿಕೆ ದೊರೆತವು.

ಬಣ್ಣವಿಲ್ಲದ ಮರ

ಅಂದಿನ ಚರ್ಚ್‌ಗಳಲ್ಲಿ ಬಲಿಪೀಠದ ಹಿಂದೆ ಮರದ ದೊಡ್ಡ ಮಂಟಪ ನಿಲ್ಲಿಸುವುದು ರೂಢಿ. ನಡುವೆ ಪೆಟ್ಟಿಗೆಯಂಥ ಗೂಡು, ಅದರೊಳಗೆ ಸಂತರ ಮೂರ್ತಿಗಳು, ಎರಡು ಬದಿಗೆ ಬಾಗಿಲಂತೆ ಮುಚ್ಚುವ ರೆಕ್ಕೆಗಳು, ಮೇಲೆ ಗೋಪುರದಂಥ ಶಿಖರ. ಓದು ಬಾರದ ಜನರಿಗೆ ಬೈಬಲ್‌ನ ಕಥೆ ತಿಳಿಯುತ್ತಿದ್ದುದು ಇದನ್ನು ನೋಡಿಯೇ.

ಈ ಮೂರ್ತಿಗಳಿಗೆ ಬಣ್ಣ ಹಚ್ಚಲೇಬೇಕಿತ್ತು. ಕೆತ್ತಿದ ಮರಕ್ಕೆ ಸೀಮೆಸುಣ್ಣ ಮತ್ತು ಅಂಟಿನ ಲೇಪ ಕೊಟ್ಟು, ಅದರ ಮೇಲೆ ಬಣ್ಣ ಬಳಿದು, ಚಿನ್ನದ ತಗಡು ಅಂಟಿಸುತ್ತಿದ್ದರು. ಮರ ಒಳಗೆ ಎಲ್ಲೋ ಅಡಗಿರುತ್ತಿತ್ತು. ಉಳಿಯ ಕೆಲಸದಲ್ಲಿ ಸಣ್ಣಪುಟ್ಟ ದೋಷವಿದ್ದರೆ ಲೇಪದಡಿ ಮುಚ್ಚಿಹೋಗುತ್ತಿತ್ತು.

ರೀಮೆನ್‌ಶ್ನೈಡರ್ 1490ರಲ್ಲಿ ಒಪ್ಪಿಕೊಂಡು 1492ರಲ್ಲಿ ಮುಗಿಸಿದ ಮ್ಯೂನರ್‌ಸ್ಟಾಟ್ ಪಟ್ಟಣದ ಮಂಟಪ ಹಾಗಿರಲಿಲ್ಲ. ಅದಕ್ಕೆ ಬಹುವರ್ಣದ ಲೇಪವಿಲ್ಲ. ಮರದ ಮೇಲೆ ತೆಳುವಾದ ಕಂದು ಹೊಳಪು, ಕಣ್ಣಿನ ಪಾಪೆಗೆ ಕಪ್ಪು, ತುಟಿಗೆ ತುಸು ಕೆಂಪು, ಅಷ್ಟೇ. ಉಳಿದುದೆಲ್ಲ ಉಳಿಯೇ ಮಾಡಬೇಕು. ಕೂದಲ ಎಳೆ, ಮುಖದ ಸುಕ್ಕು, ಕೈಯ ನರ, ಬಟ್ಟೆಯ ಮಡಿಕೆ ಯಾವುದನ್ನೂ ಬಣ್ಣದ ಮೇಲೆ ಹಾಕಿ ನುಣುಚಿಕೊಳ್ಳುವಂತಿಲ್ಲ.

ಊರಿನವರಿಗೆ ಇದು ಒಗ್ಗಲಿಲ್ಲ. ಹನ್ನೆರಡು ವರ್ಷವಾಗುವಷ್ಟರಲ್ಲಿ ಫೈಟ್ ಷ್ಟೋಸ್ ಎಂಬ ಇನ್ನೊಬ್ಬ ಮಹಾನ್ ಶಿಲ್ಪಿಯನ್ನು ಕರೆಸಿ ಅದೇ ಮಂಟಪಕ್ಕೆ ಬಣ್ಣ ಹಚ್ಚಿಸಿದರು. ಆದರೂ ರೀಮೆನ್‌ಶ್ನೈಡರ್ ದಾರಿ ಬದಲಿಸಲಿಲ್ಲ. ಮುಂದೆ ಅವನ ಅತಿ ಹೆಸರಾದ ಎರಡು ಮಂಟಪಗಳೂ ಬಣ್ಣವಿಲ್ಲದೆಯೇ ಎದ್ದವು, ಇಂದಿಗೂ ಹಾಗೆಯೇ ನಿಂತಿವೆ.

ಕೆಲಸ ನಡೆಯುತ್ತಿದ್ದ ಬಗೆ

ಆತ ಮೂರ್ತಿಗಳಿಗೆ ಹೆಚ್ಚಾಗಿ ಬಳಸಿದ್ದು ಲಿಂಡನ್ ಎಂಬ ಮರ. ತೆಳು ಬಣ್ಣದ, ಮೃದುವಾದ, ಒಂದೇ ಸಮನಾದ ನಾರಿನ ಮರ ಅದು. ಕಣ್ಣಿಗೆ ಹೊಡೆಯುವ ರೇಖೆಗಳಿಲ್ಲದ್ದರಿಂದ ಮುಖ ಕೆತ್ತಿದಾಗ ಮುಖವೇ ಕಾಣುತ್ತದೆ, ಮರದ ಗೆರೆ ಅಡ್ಡ ಬರುವುದಿಲ್ಲ. ಯಾವ ಕಡೆ ಉಳಿ ತಿರುಗಿಸಿದರೂ ಸುಲಭವಾಗಿ ಬಗ್ಗುತ್ತದೆ.

ಆದರೆ ದೋಷವೂ ಇದೆ. ಒಣಗುವಾಗ ಲಿಂಡನ್ ಬಹಳ ಕುಗ್ಗುತ್ತದೆ. ಮರದ ಹೊರಭಾಗ ಒಳಭಾಗಕ್ಕಿಂತ ಹೆಚ್ಚು ಕುಗ್ಗುವುದರಿಂದ ಇಡೀ ದಿಮ್ಮಿಯಲ್ಲಿ ಕೆತ್ತಿದರೆ ಸೀಳು ಬಿಡುವುದು ಖಂಡಿತ. ಅದಕ್ಕೆ ಕೆಲಸಗಾರರು ದಿಮ್ಮಿಯನ್ನು ಉದ್ದಕ್ಕೆ ಸೀಳಿ, ನಡುವಿನ ತಿರುಳನ್ನು ತೆಗೆದು, ಬೆನ್ನ ಕಡೆ ದೋಣಿಯಂತೆ ಟೊಳ್ಳು ಮಾಡುತ್ತಿದ್ದರು. ಎದುರಿನಿಂದ ತುಂಬು ಮೈಯ ಸಂತನಾಗಿ ಕಾಣುವ ಮೂರ್ತಿಯನ್ನು ಹಿಂದಿನಿಂದ ನೋಡಿದರೆ ಅರ್ಧ ಸೀಳಿದ ಕೊಳಗದಂತಿರುತ್ತದೆ. ಅವು ಐನೂರು ವರ್ಷ ಬಾಳಿರುವುದಕ್ಕೆ ಈ ಟೊಳ್ಳು ಬೆನ್ನೇ ಕಾರಣ.

ಮೂರ್ತಿಯನ್ನು ನಿಲ್ಲಿಸಿ ಕೆತ್ತುತ್ತಿರಲಿಲ್ಲ, ಮಲಗಿಸಿ ಕೆತ್ತುತ್ತಿದ್ದರು. ತಲೆಗೂ ಬುಡಕ್ಕೂ ಕಬ್ಬಿಣದ ಮೊಳೆ ಕೊಟ್ಟು ಕೆಲಸದ ಮಣೆಯ ಮೇಲೆ ಬಿಗಿದರೆ ಬೇಕಾದ ಹಾಗೆ ಉರುಳಿಸಿ ತಿರುಗಿಸಬಹುದಿತ್ತು. ಮೊದಲು ಬಾಚಿಯಿಂದ ಒರಟು ಆಕಾರ, ಬಳಿಕ ಅಗಲದ ಉಳಿ, ಕೊನೆಗೆ ಸಣ್ಣ ಉಳಿಗಳು. ಬಟ್ಟೆಯ ಅಂಚಿನ ಕಸೂತಿಯನ್ನು ಲೋಹದ ಸಣ್ಣ ಅಚ್ಚಿನಿಂದ ಗುದ್ದಿ ಮೂಡಿಸುತ್ತಿದ್ದರು.

ಇಷ್ಟೆಲ್ಲ ಒಬ್ಬನ ಕೈಯಿಂದ ಆಗುವ ಮಾತಲ್ಲ. ರೀಮೆನ್‌ಶ್ನೈಡರನ ಶಾಲೆಯಲ್ಲಿ ಶಿಷ್ಯರು, ಕೂಲಿ ಕೆಲಸಗಾರರು ಅನೇಕರಿದ್ದರು. ನಮೂನೆ ಯಜಮಾನನದು, ಬಹುಪಾಲು ಕೈಕೆಲಸ ಅವರದು, ಮುಖ್ಯ ಮುಖಗಳು ಮತ್ತು ಕೈಗಳಿಗೆ ಯಜಮಾನನ ಉಳಿ. ಆದ್ದರಿಂದಲೇ ಒಂದು ಮೂರ್ತಿ ಆತನದೇ, ಶಾಲೆಯದೇ ಎಂದು ವಿದ್ವಾಂಸರು ಇಂದಿಗೂ ವಾದ ಮಾಡುತ್ತಾರೆ.

ಬೆಳಕಿನ ಲೆಕ್ಕ

ರೋಟೆನ್‌ಬುರ್ಗ್ ಎಂಬ ಊರಿನ ಸಂತ ಯಾಕೋಬನ ಚರ್ಚ್‌ನಲ್ಲಿರುವ ‘ಪವಿತ್ರ ರಕ್ತ’ದ ಮಂಟಪ ಆತನ ಕೆಲಸಗಳಲ್ಲಿ ಅತಿ ಹೆಸರಾದದ್ದು. ಮಂಟಪದ ಚೌಕಟ್ಟು ಕಟ್ಟಿದವನು ಎರ್ಹಾರ್ಟ್ ಹಾರ್ಷ್‌ನರ್ ಎಂಬ ಬಡಗಿ. ಮೂರ್ತಿಗಳು ರೀಮೆನ್‌ಶ್ನೈಡರನವು, 1501ರಿಂದ 1505ರವರೆಗಿನ ಕೆಲಸ. ಬಡಗಿಗೆ 50 ಗುಲ್ಡನ್, ಶಿಲ್ಪಿಗೆ 60 ಗುಲ್ಡನ್ ಸಂದಿತು. ಗುಲ್ಡನ್ ಎಂದರೆ ಚಿನ್ನದ ನಾಣ್ಯ. ಇಂದು ಜಗತ್ತು ಶಿಲ್ಪಿಯ ಹೆಸರನ್ನಷ್ಟೇ ಹೇಳುತ್ತದೆ, ಆದರೆ ಅಂದು ಇಬ್ಬರ ಕೂಲಿಗೆ ಹೆಚ್ಚು ಅಂತರವಿರಲಿಲ್ಲ.

ಅದರಲ್ಲಿ ಕೆತ್ತಿರುವುದು ಯೇಸುವಿನ ಕಡೆಯ ಭೋಜನ. ಸಾಮಾನ್ಯವಾಗಿ ನಡುವೆ ಯೇಸು ಇರಬೇಕು. ಇಲ್ಲಿ ನಡುವೆ ನಿಂತಿರುವವನು ಗುರುವಿಗೆ ದ್ರೋಹ ಬಗೆದ ಯೂದ, ಕೈಯಲ್ಲಿ ಹಣದ ಚೀಲ. ಯೇಸು ಒಂದು ಬದಿಯಿಂದ ಅವನತ್ತ ತುತ್ತು ಚಾಚಿದ್ದಾನೆ. ಪಾಪಿಗೂ ಊಟದ ಪಂಕ್ತಿಯಲ್ಲಿ ಜಾಗವಿದೆ ಎಂದು ನೋಡುವವನಿಗೆ ಅನಿಸದೆ ಇರದು. ಯೂದನ ಮೂರ್ತಿಯನ್ನು ಬೇಕಾದಾಗ ತೆಗೆಯಲೂ ಬರುತ್ತದೆ. ತೆಗೆದರೆ ಹಿಂದೆ ಯೇಸುವಿನ ಮಡಿಲಿಗೆ ಒರಗಿದ ಶಿಷ್ಯ ಯೋಹಾನ ಪೂರ್ತಿ ಕಾಣುತ್ತಾನೆ.

ಈ ಗೂಡಿನ ಹಿಂಗೋಡೆ ಮುಚ್ಚಿಲ್ಲ, ಅಲ್ಲಿ ಗಾಜಿನ ಸಣ್ಣ ಕಿಟಕಿಗಳಿವೆ. ಹೊತ್ತು ಏರಿದಂತೆ ಬೆಳಕು ಬದಲಾಗಿ ಮುಖಗಳ ಮೇಲಿನ ನೆರಳೂ ಬದಲಾಗುತ್ತದೆ. ಬಣ್ಣ ಮಾಡಬೇಕಾದ ಕೆಲಸವನ್ನು ಇಲ್ಲಿ ಬೆಳಕು ಮಾಡುತ್ತದೆ.

ಕ್ರೆಗ್ಲಿಂಗೆನ್ ಊರಿನ ಹೊರಗಿನ ಚಿಕ್ಕ ಚರ್ಚ್‌ನಲ್ಲಿ ಇನ್ನೊಂದು ಮಂಟಪವಿದೆ. 1505-08ರ ಹೊತ್ತಿನದು, ಎತ್ತರ ಒಂಬತ್ತು ಮೀಟರ್‌ಗೂ ಮಿಕ್ಕಿ. ಮಾತೆ ಮೇರಿ ಸ್ವರ್ಗಕ್ಕೇರುವ ದೃಶ್ಯ ಅದರಲ್ಲಿದೆ. ಆಗಸ್ಟ್ ಕೊನೆಯ ಸಂಜೆಗಳಲ್ಲಿ ಪಶ್ಚಿಮದ ದುಂಡು ಕಿಟಕಿಯಿಂದ ಬರುವ ಬಿಸಿಲು ಮೇರಿಯ ಮೇಲೆ ಬೀಳುವುದನ್ನು ನೋಡಲು ಜನ ಬರುತ್ತಾರೆ. ಮಂಟಪದ ಬುಡದಲ್ಲಿ ಟೊಪ್ಪಿ ಹಾಕಿದ ಒಬ್ಬ ನಡುವಯಸ್ಕನ ಚಿಕ್ಕ ಮೂರ್ತಿಯಿದೆ. ಅದು ಶಿಲ್ಪಿ ತನ್ನನ್ನೇ ಕೆತ್ತಿಕೊಂಡದ್ದು ಎಂದು ಬಹುಕಾಲದಿಂದ ನಂಬಲಾಗಿದೆ.

ಕಲ್ಲಿನಲ್ಲೂ ಅದೇ ಕೈ

ರೀಮೆನ್‌ಶ್ನೈಡರ್ ಕಲ್ಲನ್ನೂ ಕಡೆಯುತ್ತಿದ್ದ. ವುರ್ಟ್ಸ್‌ಬುರ್ಗ್ ಮಾರುಕಟ್ಟೆಯ ಬಳಿಯ ಮೇರಿಯ ಗುಡಿಯ ಬಾಗಿಲಿಗೆ ಆದಾಮ ಮತ್ತು ಹವ್ವಳ ಮೂರ್ತಿಗಳನ್ನು 1491-93ರಲ್ಲಿ ಮರಳುಗಲ್ಲಿನಲ್ಲಿ ಮಾಡಿಕೊಟ್ಟ. ಮಾಡಿಸಿದ್ದು ನಗರಸಭೆ. ಆದಾಮನಿಗೆ ಗಡ್ಡ ಬೇಕೇ ಬೇಡವೇ ಎಂಬುದೂ ಸಭೆಯ ಮುಂದೆ ಬಂದು, ಗಡ್ಡವಿಲ್ಲದ ಎಳೆಯ ಆದಾಮನೇ ಆಗಲಿ ಎಂದಾಯಿತು.

ವುರ್ಟ್ಸ್‌ಬುರ್ಗ್‌ನ ದೊಡ್ಡ ಚರ್ಚ್‌ನಲ್ಲಿ ಬಿಷಪ್ ರುಡೋಲ್ಫ್ ಫಾನ್ ಶೆರೆನ್‌ಬೆರ್ಗ್‌ನ ಗೋರಿಕಲ್ಲು ಆತನದೇ. ಅಧಿಕಾರಸ್ಥನ ಗೋರಿಯಲ್ಲವೇ ಎಂದು ಮುಖಕ್ಕೆ ಹರೆಯ ತುಂಬಿಸಲಿಲ್ಲ. ಕುಳಿಬಿದ್ದ ಕೆನ್ನೆ, ಸುಕ್ಕುಗಟ್ಟಿದ ಕತ್ತು, ದಣಿದ ಕಣ್ಣಿನ ಮುದುಕನನ್ನು ಇದ್ದ ಹಾಗೆಯೇ ಕಡೆದಿದ್ದಾನೆ.

ಬಾಂಬೆರ್ಗ್‌ನಲ್ಲಿ ಚಕ್ರವರ್ತಿ ಎರಡನೇ ಹೈನ್ರಿಕ್ ಮತ್ತು ರಾಣಿ ಕುನಿಗುಂಡೆಯರ ಗೋರಿಗೆ 1499ರಿಂದ 1513ರವರೆಗೆ ಹಿಡಿಯಿತು. ಅದರ ಬದಿಗಳಲ್ಲಿ ಅವರ ಬಗ್ಗೆ ಜನ ಹೇಳುತ್ತಿದ್ದ ಕಥೆಗಳಿವೆ. ಒಂದರಲ್ಲಿ ತನ್ನ ಪಾತಿವ್ರತ್ಯ ತೋರಿಸಲು ರಾಣಿ ಕಾಯಿಸಿದ ನೇಗಿಲ ಕುಳಗಳ ಮೇಲೆ ನಡೆಯುತ್ತಾಳೆ. ಇನ್ನೊಂದರಲ್ಲಿ ಚರ್ಚ್ ಕಟ್ಟಿದ ಕೆಲಸಗಾರರಿಗೆ ತಾನೇ ಕೂಲಿ ಕೊಡುತ್ತಾಳೆ. ಬಟ್ಟಲಿನಿಂದ ದುಡಿದಷ್ಟು ಮಾತ್ರ ತೆಗೆದುಕೊಳ್ಳಬೇಕು, ಹೆಚ್ಚಿಗೆ ತೆಗೆದವನಿಗೆ ತಕ್ಕ ಶಾಸ್ತಿ ಎಂಬುದು ಕಥೆ.

ಉಳಿ ಹಿಡಿದವ ನಗರಾಧ್ಯಕ್ಷ

ಕೆಲಸದ ಜೊತೆ ಹೆಸರು, ಹೆಸರಿನ ಜೊತೆ ಹಣ ಬಂತು. ಮನೆಗಳು, ದ್ರಾಕ್ಷಿತೋಟಗಳು ಆದವು. ಮನೆಯಲ್ಲಿ ಸಾವೂ ಕಂಡಿತು. ಮೊದಲ ಹೆಂಡತಿ 1494ರಲ್ಲಿ ತೀರಿಕೊಂಡಳು. ಒಟ್ಟು ನಾಲ್ಕು ಸಲ ಮದುವೆಯಾದ. 1504ರಲ್ಲಿ ನಗರಸಭೆಗೆ ಆಯ್ಕೆಯಾದ. 1520ರಲ್ಲಿ ಊರಿನ ಅಧ್ಯಕ್ಷನೂ ಆದ.

ಹೀಗೆ ಆತ ಎರಡು ಕಡೆಗೆ ಸೇರಿದವನಾದ. ಬಿಷಪ್ ಅವನ ದೊಡ್ಡ ಗಿರಾಕಿ. ನಗರಸಭೆಯಾದರೋ ತೆರಿಗೆ, ಅಧಿಕಾರಗಳ ವಿಚಾರದಲ್ಲಿ ಬಿಷಪ್‌ನೊಡನೆ ಸದಾ ತಿಕ್ಕಾಟದಲ್ಲಿರುತ್ತಿತ್ತು. ಇಬ್ಬರ ಜಗಳ ಕೈ ಮೀರಿದರೆ ಯಾರ ಕಡೆ ಎಂದು ಹೇಳಲೇಬೇಕಾದ ದಿನ ಬರುವುದಿತ್ತು. ಅದು 1525ರಲ್ಲಿ ಬಂತು.

1525ರ ರೈತ ದಂಗೆ

ಆಗಿನ ಜರ್ಮನಿಯ ರೈತ ಬೆಳೆಯ ಹತ್ತನೇ ಒಂದು ಪಾಲನ್ನು ಚರ್ಚಿಗೆ ಕೊಡಬೇಕಿತ್ತು. ಜಮೀನ್ದಾರನಿಗೆ ಗೇಣಿ, ಮೇಲೆ ಬಿಟ್ಟಿ ಚಾಕರಿ. ಮನೆಯ ಯಜಮಾನ ಸತ್ತರೆ ಅದಕ್ಕೂ ಒಡೆಯನಿಗೆ ಕಾಣಿಕೆ. ಹಿಂದೆ ಊರಿಗೆಲ್ಲ ಸೇರಿದ್ದ ಕಾಡು, ಹೊಳೆ, ಹುಲ್ಲುಗಾವಲುಗಳನ್ನು ಒಡೆಯರು ತಮ್ಮದೆಂದು ಬೇಲಿ ಹಾಕಿಕೊಂಡಿದ್ದರು. ಸೌದೆ ತಂದರೆ ದಂಡ, ಮೀನು ಹಿಡಿದರೆ ದಂಡ. 1525ರ ಮಾರ್ಚ್‌ನಲ್ಲಿ ಮೆಮ್ಮಿಂಗೆನ್ ಪಟ್ಟಣದಲ್ಲಿ ಸೇರಿದ ರೈತರು ಹನ್ನೆರಡು ಬೇಡಿಕೆಗಳನ್ನು ಬರೆದು ಅಚ್ಚು ಹಾಕಿಸಿದರು. ಅದು ಊರಿಂದೂರಿಗೆ ಹರಡಿತು. ದಂಗೆಯೂ ಹರಡಿತು.

ರೈತರ ಪಡೆಗಳು ವುರ್ಟ್ಸ್‌ಬುರ್ಗ್ ಕಡೆ ಬಂದಾಗ ಬಿಷಪ್ ಕೊನ್ರಾಡ್ ಫಾನ್ ತ್ಯುಂಗೆನ್ ನಗರದ ನೆರವು ಕೇಳಿದ. ರೈತರ ವಿರುದ್ಧ ಹೋರಾಡಲು ನಗರಸಭೆ ಒಪ್ಪಲಿಲ್ಲ. ರೀಮೆನ್‌ಶ್ನೈಡರ್ ಆ ಸಭೆಯ ಸದಸ್ಯ. ಬಿಷಪ್ ಊರು ಬಿಟ್ಟು ಹೋದ. ನಗರ ರೈತರ ಜೊತೆ ಕೈಜೋಡಿಸಿತು.

ಮೇ ತಿಂಗಳ ನಡುವೆ ರೈತರು ಮರೀನ್‌ಬೆರ್ಗ್ ಕೋಟೆಗೆ ಲಗ್ಗೆ ಹಾಕಿದರು, ಗೆಲ್ಲಲಾಗಲಿಲ್ಲ. ಅಷ್ಟರಲ್ಲಿ ದೊರೆಗಳ ಒಕ್ಕೂಟದ ಸೈನ್ಯ ಫಿರಂಗಿ, ಕುದುರೆಗಳೊಡನೆ ಬಂತು. ಜೂನ್ 2 ಮತ್ತು 4ರಂದು ನಡೆದ ಎರಡು ಕಾಳಗಗಳಲ್ಲಿ ಸಾವಿರಾರು ರೈತರು ಸತ್ತರು. ಕೆಲವೇ ದಿನಗಳಲ್ಲಿ ನಗರವೂ ಶರಣಾಯಿತು. ಇಡೀ ದಂಗೆಯಲ್ಲಿ ಜರ್ಮನ್ ನಾಡುಗಳಲ್ಲಿ ಸತ್ತವರ ಸಂಖ್ಯೆಯನ್ನು 70 ಸಾವಿರದಿಂದ 1 ಲಕ್ಷದವರೆಗೆ ಅಂದಾಜು ಮಾಡುತ್ತಾರೆ.

ಬಿಷಪ್ ಹಿಂತಿರುಗಿದ. ಹಲವರ ತಲೆ ಉರುಳಿತು. ರೀಮೆನ್‌ಶ್ನೈಡರ್ ಮತ್ತು ಇತರ ಸದಸ್ಯರನ್ನು ಕೋಟೆಗೆ ಒಯ್ದು ಸೆರೆಯಲ್ಲಿಟ್ಟರು. ಸುಮಾರು ಎರಡು ತಿಂಗಳು ಅಲ್ಲೇ ಇದ್ದ. ಕೊಲೆಗಡುಕನ ಕೈಯಿಂದ ಆತನನ್ನು ಹಿಂಸಿಸಿದ್ದು ಅಂದಿನ ಬರಹದಲ್ಲಿ ದಾಖಲಾಗಿದೆ. ಆಗಸ್ಟ್‌ನಲ್ಲಿ ಬಿಡುಗಡೆಯಾಯಿತು. ನಗರಸಭೆಯ ಸ್ಥಾನ ಹೋಯಿತು, ಆಸ್ತಿಯಲ್ಲಿ ದೊಡ್ಡ ಪಾಲೂ ಹೋಯಿತು.

ಕೈ ಮುರಿದರೇ?

ಕೈ ಮುರಿದ ಕಥೆ ಹುಟ್ಟಿದ್ದಕ್ಕೆ ಕಾರಣ ಕಂಡುಹಿಡಿಯುವುದು ಕಷ್ಟವಲ್ಲ. 1525ರ ನಂತರ ಆತನ ದೊಡ್ಡ ಕೆಲಸ ಒಂದೂ ಇಲ್ಲ. ನಲವತ್ತು ವರ್ಷ ಬಿಡುವಿಲ್ಲದೆ ಕೆತ್ತಿದವನು ಸೆರೆಯಿಂದ ಬಂದ ಮೇಲೆ ಸುಮ್ಮನಾದರೆ, ಕೈಗೇ ಏನೋ ಮಾಡಿರಬೇಕು ಎಂದು ಜನ ಅಂದುಕೊಳ್ಳುವುದು ಸಹಜ.

ಆದರೆ ಬೇರೆ ಕಾರಣಗಳೂ ಇದ್ದವು. ಬಿಷಪ್‌ಗೆ ಬೇಡವಾದವನಿಗೆ ಬಿಷಪ್‌ನ ಊರಲ್ಲಿ ಕೆಲಸ ಕೊಡುವವರು ಯಾರು? ಮಾರ್ಟಿನ್ ಲೂಥರನ ಸುಧಾರಣೆಯ ಗಾಳಿ ಬೀಸಿದ ಊರುಗಳಲ್ಲಿ ಸಂತರ ಮೂರ್ತಿ ಮಾಡಿಸುವುದೇ ನಿಂತುಹೋಗಿತ್ತು. ವಯಸ್ಸೂ ಆಗಿತ್ತು. ಎಲ್ಲಕ್ಕಿಂತ ಮುಖ್ಯವಾದ ಮಾತೆಂದರೆ, 1527ರಲ್ಲಿ ಕಿಟ್ಸಿಂಗೆನ್ ಊರಿನ ಸನ್ಯಾಸಿನಿಯರ ಮಠದಲ್ಲಿ ಹಾಳಾದ ಬಲಿಪೀಠಗಳ ದುರಸ್ತಿ ಕೆಲಸ ಆತನಿಗೆ ಸಿಕ್ಕಿತ್ತು. ಎರಡೂ ಕೈ ಮುರಿದವನಿಗೆ ಯಾರೂ ದುರಸ್ತಿ ವಹಿಸುವುದಿಲ್ಲ.

ಸಾಮ್ರಾಟರ ಗೋರಿ ಕಡೆದವನು ಕೊನೆಗೆ ಮುರಿದ ಮೂರ್ತಿಗಳನ್ನು ಸರಿಪಡಿಸಿದ. ಕೈ ಮುರಿಯದೆಯೂ ಒಬ್ಬ ಕೆಲಸಗಾರನನ್ನು ಕೆಲಸದಿಂದ ದೂರ ಮಾಡಬಹುದು ಎಂಬುದಕ್ಕೆ ಆತನ ಕೊನೆಯ ಆರು ವರ್ಷಗಳೇ ಸಾಕ್ಷಿ. 1531ರ ಜುಲೈ 7ರಂದು ರೀಮೆನ್‌ಶ್ನೈಡರ್ ತೀರಿಕೊಂಡ. ಮಗ ಯೋರ್ಗ್ ಗೋರಿಕಲ್ಲು ಕಡೆದ. ಉದ್ದ ನಿಲುವಂಗಿ ತೊಟ್ಟು ಕೈಯಲ್ಲಿ ಜಪಮಾಲೆ ಹಿಡಿದ ತಂದೆ ಅದರಲ್ಲಿದ್ದಾನೆ.

ಮರೆವು, ಮತ್ತೆ ನೆನಪು

ಆಮೇಲೆ ಊರು ಆತನನ್ನು ಮರೆತೇಬಿಟ್ಟಿತು. ಕ್ರೆಗ್ಲಿಂಗೆನ್‌ನ ಮಂಟಪವನ್ನು 1530ರ ಹೊತ್ತಿಗೆ ಮುಚ್ಚಿದವರು ಸುಮಾರು ಮುನ್ನೂರು ವರ್ಷ ತೆರೆಯಲಿಲ್ಲ. 1832ರಲ್ಲಿ ಬಾಗಿಲು ತೆಗೆದಾಗ ಬೆಳಕು, ಹೊಗೆ ತಾಗದ ಮರ ಹೆಚ್ಚೇನೂ ಕೆಡದೆ ಹಾಗೇ ಇತ್ತು. ಅದಕ್ಕೂ ಹತ್ತು ವರ್ಷ ಮೊದಲು, 1822ರಲ್ಲಿ, ವುರ್ಟ್ಸ್‌ಬುರ್ಗ್‌ನ ಹಳೆಯ ಸ್ಮಶಾನವೊಂದರಲ್ಲಿ ನೆಲ ಅಗೆಯುವಾಗ ಯೋರ್ಗ್ ಕಡೆದ ಗೋರಿಕಲ್ಲು ಸಿಕ್ಕಿತ್ತು. ಈ ಹೆಸರಿನವ ಯಾರು ಎಂದು ಹುಡುಕತೊಡಗಿದ ಮೇಲೆ ಒಂದೊಂದೇ ಊರಿನ ಚರ್ಚ್‌ನಲ್ಲಿ ಆತನ ಕೆಲಸ ಗುರುತಿಗೆ ಬಂತು.

1945ರಲ್ಲಿ ಎರಡನೇ ಮಹಾಯುದ್ಧದಲ್ಲಿ ಜರ್ಮನಿ ಸೋತಾಗ, ಹಿಟ್ಲರನ ಆಳ್ವಿಕೆಯಲ್ಲಿ ದೇಶ ಬಿಟ್ಟಿದ್ದ ಲೇಖಕ ಥಾಮಸ್ ಮನ್ ಅಮೆರಿಕದಲ್ಲಿ ಒಂದು ಭಾಷಣ ಮಾಡಿದ. ಜರ್ಮನರಲ್ಲಿ ಅನ್ಯಾಯಕ್ಕೆ ತಲೆಬಾಗದವರೂ ಇದ್ದರು ಎನ್ನಲು ಆತ ನೆನೆದ ಹೆಸರುಗಳಲ್ಲಿ ರೀಮೆನ್‌ಶ್ನೈಡರನದೂ ಒಂದು. 1962ರಲ್ಲಿ ಫೋಲ್ಕಾಖ್ ಊರಿನ ಚರ್ಚ್‌ನಿಂದ ಆತ ಕೆತ್ತಿದ ಮೇರಿಯ ಮೂರ್ತಿ ಕಳುವಾದಾಗ ‘ಷ್ಟೆರ್ನ್’ ಪತ್ರಿಕೆ 1 ಲಕ್ಷ ಮಾರ್ಕ್ ಕೊಟ್ಟು ಅದನ್ನು ಬಿಡಿಸಿ ತಂದಿತು. 1981ರಲ್ಲಿ, ಆತ ಸತ್ತು 450 ವರ್ಷವಾದಾಗ, ಅಂದಿನ ಪೂರ್ವ ಜರ್ಮನಿ ಆತನ ನೆನಪಿಗೆ 5 ಮಾರ್ಕಿನ ನಾಣ್ಯ ಹೊರಡಿಸಿತು. ಟಂಕಸಾಲೆಯವನ ಮಗನ ಹೆಸರು ನಾಣ್ಯದ ಮೇಲೆಯೇ ಬಂತು.

ಆತನ ಕೃತಿಗಳ ಅತಿ ದೊಡ್ಡ ಸಂಗ್ರಹ ಇಂದು ವುರ್ಟ್ಸ್‌ಬುರ್ಗ್‌ನ ಮ್ಯೂಸಿಯಂ ಒಂದರಲ್ಲಿದೆ. ಗುಡಿಯ ಬಾಗಿಲಲ್ಲಿದ್ದ ಮೂಲ ಆದಾಮ, ಹವ್ವರೂ ಅಲ್ಲೇ ಇದ್ದಾರೆ, ಬಾಗಿಲಲ್ಲಿ ಈಗ ಇರುವುದು ನಕಲು. ಆ ಮ್ಯೂಸಿಯಂ ಮರೀನ್‌ಬೆರ್ಗ್ ಕೋಟೆಯ ಒಳಗಿದೆ. 1525ರ ಬೇಸಿಗೆಯಲ್ಲಿ ಆತನನ್ನು ಸೆರೆಯಿಟ್ಟದ್ದೂ ಅದೇ ಕೋಟೆಯಲ್ಲಿ.